ನಿಮ್ಮ ಪಟ್ಟಿಯಲ್ಲಿ ಒಬ್ಬ ಭೀಷ್ಮ ಬಿಟ್ಟುಹೋಗಿದ್ದಾರೆ

ಸಂಪಾದಕರಿಗೆ ನಮಸ್ಕಾರ.

ನಿಮ್ಮ ಸಿನಿಮಾ ಪುಟದಲ್ಲಿ ಭೀಷ್ಮನ ಪಾತ್ರ ಮಾಡಿದ ನಟರ ಬಗ್ಗೆ ಬಂದ ಲೇಖನ ಓದಿದೆ. ಖುಷಿ ಆಯ್ತು, ಸ್ವಲ್ಪ ಸಿಟ್ಟೂ ಬಂತು. ಟೀವಿ ಧಾರಾವಾಹಿಯ ಮುಖೇಶ್ ಖನ್ನಾ ಇದ್ದರು, ತೆಲುಗಿನ ಎನ್.ಟಿ. ರಾಮರಾವ್ ಇದ್ದರು, 2019ರ ಕುರುಕ್ಷೇತ್ರದಲ್ಲಿ ನಮ್ಮ ಅಂಬರೀಶ್ ಇದ್ದರು. ಯಾರ ಬಗ್ಗೆಯೂ ತಕರಾರಿಲ್ಲ. ಆದರೆ ನನ್ನ ಲೆಕ್ಕದಲ್ಲಿ ಆ ಪಟ್ಟಿಯ ಮೊದಲ ಸಾಲಲ್ಲಿ ಇರಬೇಕಾದ ಒಬ್ಬರ ಹೆಸರೇ ಇರಲಿಲ್ಲ. ಅವರು ಸೋತಿಗಿ ಕುಯಾತೆ. ಪಶ್ಚಿಮ ಆಫ್ರಿಕಾದವರು. ಪೀಟರ್ ಬ್ರೂಕ್ ಅವರ ಮಹಾಭಾರತದಲ್ಲಿ ಭೀಷ್ಮನಾದವರು.

ನಾನು ಸಿನಿಮಾ ಪಂಡಿತ ಅಲ್ಲ. ಗುಬ್ಬಿ ತಾಲ್ಲೂಕಿನ ಒಂದು ಹಳ್ಳಿಯವನು, ಗೊಬ್ಬರ ಬೀಜದ ಅಂಗಡಿ ಇದೆ. ಊರಲ್ಲಿ ಕುರುಕ್ಷೇತ್ರ ಆಡಿದಾಗ ವಿದುರನ ಪಾರ್ಟು ನನ್ನದು. ನಮ್ಮ ಕಡೆ ಗೊತ್ತಲ್ಲ, ಪಾರ್ಟಿಗೆ ದುಡ್ಡು ಕೊಡಬೇಕು. ದುರ್ಯೋಧನನಿಗೆ, ಕೃಷ್ಣನಿಗೆ ಜಾಸ್ತಿ, ವಿದುರನಿಗೆ ಕಮ್ಮಿ. ಅದಕ್ಕೇ ಅದು ನನಗೆ ಸಿಕ್ಕಿದ್ದು ಅಂತ ಮನೆಯಲ್ಲಿ ಹೇಳ್ತಾರೆ, ಇರಲಿ. ಈ ವಿದುರನ ಪಾರ್ಟಿನಲ್ಲಿ ಒಂದು ಅನುಕೂಲ ಇದೆ. ಅರ್ಧ ರಾತ್ರಿ ಭೀಷ್ಮನ ಪಕ್ಕದಲ್ಲೇ ನಿಂತಿರಬೇಕು, ಮಾತು ಕಮ್ಮಿ, ನೋಡೋದು ಜಾಸ್ತಿ. ಹಾಗಾಗಿ ಭೀಷ್ಮನ ವಿಷಯದಲ್ಲಿ ಎರಡು ಮಾತು ಹೇಳುವ ಹಕ್ಕು ನನಗೂ ಇದೆ ಅಂದುಕೊಂಡು ಬರೆಯುತ್ತಿದ್ದೇನೆ.

ಮೊದಲು ಈ ಮನುಷ್ಯ ಯಾರು ಅಂತ ಹೇಳಿಬಿಡ್ತೀನಿ. ಸೋತಿಗಿ ಹುಟ್ಟಿದ್ದು 1936ರಲ್ಲಿ, ಈಗಿನ ಮಾಲಿ ದೇಶದ ರಾಜಧಾನಿ ಬಮಾಕೊದಲ್ಲಿ. ಆಗ ಅದೆಲ್ಲ ಫ್ರೆಂಚರ ಕೈಯಲ್ಲಿತ್ತು. ಮನೆತನದ ಬೇರು ಪಕ್ಕದ ಗಿನಿಯಲ್ಲಿ, ಬೆಳೆದದ್ದು ಅಪ್ಪರ್ ವೋಲ್ಟಾದಲ್ಲಿ. 1984ರಲ್ಲಿ ಥಾಮಸ್ ಸಂಕಾರಾ ಹೆಸರು ಬದಲಾಯಿಸಿ ಬುರ್ಕಿನಾ ಫಾಸೊ ಅಂತ ಮಾಡಿದರಲ್ಲ, ಅದೇ ದೇಶ. ಮೂರು ದೇಶದವರೂ ನಮ್ಮವನು ಅನ್ನಬಹುದಾದ ಮನುಷ್ಯ. ನಾಟಕಕ್ಕೆ ಬರೋಕೆ ಮುಂಚೆ ಅವರು ಫುಟ್‌ಬಾಲ್ ಆಟಗಾರ. ಸುಮ್ನೆ ಬೀದಿ ಆಟ ಅಲ್ಲ, ಅಪ್ಪರ್ ವೋಲ್ಟಾದ ರಾಷ್ಟ್ರೀಯ ತಂಡದಲ್ಲಿ ಆಡಿದವರು. ಸ್ಟೇಜ್ ಹತ್ತಿದ್ದು 1966ರಲ್ಲಿ, ಮೂವತ್ತರ ಆಸುಪಾಸಿನಲ್ಲಿ, ಗೆಳೆಯರೊಬ್ಬರ ಐತಿಹಾಸಿಕ ನಾಟಕಕ್ಕೆ. ಆಮೇಲೆ ತಾವೇ ತಂಡ ಕಟ್ಟಿದರು, ನಾಟಕ ಬರೆದರು.

ಇಷ್ಟನ್ನೇ ಕೇಳಿದರೆ ಯಾವುದೋ ದೇಶದ ಹವ್ಯಾಸಿ ನಟನ ಕಥೆ ಅನ್ನಿಸುತ್ತೆ. ಆದರೆ ಮುಖ್ಯ ವಿಷಯ ಅವರ ಮನೆತನದಲ್ಲಿದೆ. ಕುಯಾತೆ ಮನೆತನದವರು ಗ್ರಿಯೋಗಳು. ಮಾಂಡೆ ಜನರ ನಡುವೆ ರಾಜರ ವಂಶಾವಳಿ, ಯುದ್ಧ, ಮದುವೆ, ಜಗಳ, ರಾಜಿ, ಎಲ್ಲವನ್ನೂ ಬಾಯಲ್ಲೇ ಇಟ್ಟುಕೊಂಡು ತಲೆತಲಾಂತರದಿಂದ ಹಾಡಿ ಹೇಳಿಕೊಂಡು ಬಂದವರು. ನಮ್ಮ ಹೆಳವರನ್ನು ನೆನಪು ಮಾಡಿಕೊಳ್ಳಿ. ಸುಗ್ಗಿ ಮುಗಿದ ಮೇಲೆ ಎತ್ತಿನ ಜೊತೆ ಬಂದು, ಜಗಲಿ ಮೇಲೆ ಕೂತು, ನಿಮ್ಮ ಮುತ್ತಾತನ ಮುತ್ತಾತ ಎಲ್ಲಿಂದ ಬಂದ, ಯಾರ ಮಗಳನ್ನು ತಂದ, ಯಾವ ಜಗಳಕ್ಕೆ ಊರು ಬಿಟ್ಟ ಅಂತ ಹೇಳಿ ಧಾನ್ಯ, ಬಟ್ಟೆ ತಗೊಂಡು ಹೋಗ್ತಾರಲ್ಲ, ಆ ಕೆಲಸಕ್ಕೆ ಹತ್ತಿರದ್ದು. ಆದರೆ ಗ್ರಿಯೋಗೆ ಇನ್ನೊಂದು ಜವಾಬ್ದಾರಿಯೂ ಇದೆ. ಇಬ್ಬರ ನಡುವೆ ಜಗಳ ಆದರೆ ಮಧ್ಯಸ್ತಿಕೆಗೆ ಅವನೇ ಬರಬೇಕು. ರಾಜನಿಗೆ ಬುದ್ಧಿ ಹೇಳುವುದೂ ಅವನೇ. ಹದಿಮೂರನೇ ಶತಮಾನದಲ್ಲಿ ಮಾಲಿ ಸಾಮ್ರಾಜ್ಯ ಕಟ್ಟಿದ ಸುಂಡಿಯಾಟ ಕೇಟಾ ಅಂತ ರಾಜನ ಕಥೆ ಇದೆ. ಅವನ ಗ್ರಿಯೋ ಬಲ್ಲಾ ಫಾಸೆಕೆ. ಕುಯಾತೆಗಳು ತಮ್ಮ ಮೂಲ ಅಂತ ಹೇಳಿಕೊಳ್ಳುವುದು ಅವನನ್ನೇ. ಕೇಟಾ ಅರಸರಿಗೆ ಕುಯಾತೆಗಳೇ ಗ್ರಿಯೋಗಳು, ಅದು ಆವತ್ತಿನಿಂದ ಬಂದ ಸಂಬಂಧ.

ಈಗ ಯೋಚನೆ ಮಾಡಿ. ಒಂದು ಅರಸು ಮನೆತನವನ್ನು ಕಾಯೋದೇ ಕೆಲಸ, ಸಿಂಹಾಸನದ ಪಕ್ಕದಲ್ಲಿ ನಿಲ್ಲಬೇಕು ಆದರೆ ಅದರ ಮೇಲೆ ಕೂರುವ ಹಾಗಿಲ್ಲ, ವಂಶದ ಕಥೆಯೆಲ್ಲ ತಲೆಯಲ್ಲಿದೆ, ಮಕ್ಕಳು ಮೊಮ್ಮಕ್ಕಳು ಹೊಡೆದಾಡಿಕೊಂಡರೆ ಮಧ್ಯೆ ನಿಂತು ಬುದ್ಧಿ ಹೇಳಬೇಕು. ಇದು ಭೀಷ್ಮ ಅಲ್ಲದೆ ಇನ್ಯಾರು? ಬ್ರೂಕ್ ಭೀಷ್ಮನ ಪಾತ್ರವನ್ನು ಒಬ್ಬ ಗ್ರಿಯೋ ಮನೆತನದವನಿಗೆ ಕೊಟ್ಟಿದ್ದು ಲಾಟರಿ ಹೊಡೆದ ಹಾಗೆ ಆಯ್ತೋ, ಲೆಕ್ಕ ಹಾಕಿ ಮಾಡಿದ್ದೋ, ಅದನ್ನು ವಿಮರ್ಶಕರು ಮಾತಾಡಿಕೊಳ್ಳಲಿ. ನೋಡುವವನಿಗೆ ಸಿಕ್ಕಿದ್ದು ಹುಟ್ಟಿನಿಂದಲೇ ತಯಾರಾಗಿದ್ದ ಒಬ್ಬ ಭೀಷ್ಮ.

ಬ್ರೂಕ್ ಇಂಗ್ಲಿಷ್ ನಿರ್ದೇಶಕ, ಪ್ಯಾರಿಸ್ಸಿನಲ್ಲಿ ತಂಡ ಕಟ್ಟಿಕೊಂಡಿದ್ದವರು, 2022ರಲ್ಲಿ ತೀರಿಹೋದರು. ಅವರೂ ಬರಹಗಾರ ಜಾನ್ ಕ್ಲೋಡ್ ಕ್ಯಾರಿಯೇರ್ ಅವರೂ ಸುಮಾರು ಹತ್ತು ವರ್ಷ ಮಹಾಭಾರತದ ಹಿಂದೆ ಬಿದ್ದು, ಭಾರತ ಸುತ್ತಿ, ಕೊನೆಗೆ 1985ರ ಜುಲೈನಲ್ಲಿ ಫ್ರಾನ್ಸಿನ ಅವಿನ್ಯೋಂ ನಾಟಕೋತ್ಸವದಲ್ಲಿ ಆಡಿಸಿದರು. ಎಲ್ಲಿ ಅಂತೀರಿ? ಒಂದು ಕಲ್ಲು ಕ್ವಾರಿಯಲ್ಲಿ. ಹೌದು, ಬುಲ್ಬೋಂ ಅಂತ ಊರಿನ ಹತ್ತಿರದ ಕ್ವಾರಿ. ಒಂಬತ್ತು ಗಂಟೆಯ ನಾಟಕ. ಕೆಲವು ದಿನ ರಾತ್ರಿ ಶುರುವಾಗಿ ಬೆಳಗಿನ ಜಾವ ಸೂರ್ಯ ಹುಟ್ಟುವ ಹೊತ್ತಿಗೆ ಮುಗಿಯುತ್ತಿತ್ತು. ಇದನ್ನು ಓದಿದಾಗ ನಾನು ನಕ್ಕುಬಿಟ್ಟೆ. ರಾತ್ರಿಯಿಡೀ ಮಹಾಭಾರತ ನೋಡೋದು ಪ್ಯಾರಿಸ್ಸಿನವರಿಗೆ ಹೊಸದು, ನಮಗೇನು? ತುಮಕೂರು ಜಿಲ್ಲೆಯ ಯಾವ ಹಳ್ಳಿಗೆ ಬೇಕಾದರೂ ಬೇಸಿಗೆಯಲ್ಲಿ ಹೋಗಿ, ಊಟ ಮುಗಿಸಿ ಚಾಪೆ ಕಂಬಳಿ ತಂದು ಕೂತ ಜನ ಬೆಳಗ್ಗೆ ದುರ್ಯೋಧನನ ತೊಡೆ ಮುರಿದ ಮೇಲೇ ಹಾಲು ಕರೆಯೋಕೆ ಏಳೋದು. ಕ್ವಾರಿಗಳಿಗಂತೂ ನಮ್ಮಲ್ಲಿ ಬರ ಇಲ್ಲ. ನಾಟಕ ಆಡೋಕೆ ಯಾರೂ ಕೊಡಲ್ಲ, ಅಷ್ಟೇ.

ಆ ನಾಟಕ ಆಮೇಲೆ ಇಂಗ್ಲಿಷಿಗೆ ಬಂದು ನ್ಯೂಯಾರ್ಕ್, ಟೋಕಿಯೊ ಅಂತ ಪ್ರಪಂಚ ಸುತ್ತಿತು. 1989ರಲ್ಲಿ ಸಿನಿಮಾನೂ ಆಯ್ತು. ಆ ವರ್ಷ ನೆನಪಿದೆಯಾ? ಇಲ್ಲಿ ನಾವು ಭಾನುವಾರ ಬೆಳಗ್ಗೆ ಟೀವಿ ಇದ್ದವರ ಮನೆಯಲ್ಲಿ ಜಮಾಯಿಸಿ, ಚಪ್ಪಲಿ ಬಾಗಿಲಾಚೆ ಬಿಟ್ಟು, ಚೋಪ್ರಾ ಅವರ ಮಹಾಭಾರತ ನೋಡುತ್ತಿದ್ದ ಕಾಲ. ಅದೇ ಹೊತ್ತಿನಲ್ಲಿ ಇನ್ನೊಬ್ಬ ಭೀಷ್ಮ ಪ್ರಪಂಚದ ಬೇರೆ ಕಡೆ ತೆರೆ ಮೇಲೆ ಬರುತ್ತಿದ್ದ, ನಮಗೆ ಸುದ್ದಿಯೇ ಇಲ್ಲ. ಪಾತ್ರವರ್ಗ ನೋಡಿ: ಧರ್ಮರಾಯ ಪೋಲೆಂಡಿನವರು, ಅರ್ಜುನ ಇಟಲಿಯವರು, ದ್ರೋಣ ಜಪಾನಿನವರು, ಭೀಮ ಸೆನೆಗಲ್ ದೇಶದ ಮಮಾದು ದಿಯೂಮ್. ದ್ರೌಪದಿ ಮಾತ್ರ ನಮ್ಮ ಮಲ್ಲಿಕಾ ಸಾರಾಭಾಯಿ.

ಸೋತಿಗಿಯ ಅಭಿನಯದ ವಿಷಯಕ್ಕೆ ಬರ್ತೀನಿ. ಅವರು ತುಂಬಾ ಉದ್ದ, ತುಂಬಾ ತೆಳ್ಳಗೆ. ಉದ್ದ ಮುಖ, ಉದ್ದ ಬೆರಳು. ನಮ್ಮ ಭೀಷ್ಮರು ಎದೆ ಉಬ್ಬಿಸಿಕೊಂಡು ಬರ್ತಾರೆ, ಬೆಳ್ಳಿ ಗಡ್ಡ, ಕಿರೀಟ, ಬಿಲ್ಲು, ಬಂದ ತಕ್ಷಣ ಹಾರ್ಮೋನಿಯಂ ಮೇಷ್ಟ್ರು ಶ್ರುತಿ ಏರಿಸಬೇಕು. ಅದು ತಪ್ಪಲ್ಲ. ಬಯಲಲ್ಲಿ ಕೂತ ಜನಕ್ಕೆ ಕೊನೆಯ ಸಾಲಿಗೂ ಮುಟ್ಟಬೇಕಲ್ಲ. ಈ ಮನುಷ್ಯ ದನಿಯನ್ನೇ ಏರಿಸುವುದಿಲ್ಲ. ನಿಧಾನಕ್ಕೆ ನಡೀತಾರೆ, ಅಳೆದು ತೂಗಿ ಒಂದೊಂದೇ ಮಾತು. ಇಂಗ್ಲಿಷೂ ಅವರದಲ್ಲದ ಭಾಷೆ, ಅದರಲ್ಲಿ ಫ್ರೆಂಚು, ಆಫ್ರಿಕಾ ಎರಡರ ಎಳೆಯೂ ಕೇಳುತ್ತೆ. ಆದರೆ ಅವರು ಮಾತಾಡದೆ ಇದ್ದಾಗಲೇ ನನಗೆ ಹೆಚ್ಚು ಹಿಡಿಸಿದ್ದು. ಅಂಬೆ ಬಂದು ತನ್ನ ಬಾಳು ಹಾಳು ಮಾಡಿದೆ ಅಂತ ಎದುರು ನಿಂತಾಗ ನಮ್ಮ ನಾಟಕಗಳಲ್ಲಿ ಭೀಷ್ಮ ಅವಳ ಮಾತು ಮುಗಿಯುವುದನ್ನೇ ಕಾಯ್ತಾ ಇರ್ತಾನೆ, ತನ್ನ ಪದ್ಯ ಎತ್ತಿಕೊಳ್ಳೋಕೆ. ಇವರು ಕೇಳಿಸಿಕೊಳ್ತಾರೆ. ನಿಜವಾಗಿ ಕೇಳಿಸಿಕೊಳ್ತಾರೆ. ತನ್ನ ಸಾವು ಇಲ್ಲಿಂದಲೇ ಬರುತ್ತೆ ಅಂತ ಆ ಮುಖಕ್ಕೆ ಗೊತ್ತಾಗುವುದು ನಮಗೂ ಗೊತ್ತಾಗುತ್ತೆ. ಪಕ್ಕದಲ್ಲಿ ನಿಲ್ಲುವ ವಿದುರನಾಗಿ ಹೇಳ್ತಿದ್ದೀನಿ, ಸ್ಟೇಜ್ ಮೇಲೆ ಇದಕ್ಕಿಂತ ಕಷ್ಟದ ಕೆಲಸ ಇಲ್ಲ.

ಈ ಸಿನಿಮಾದ ತುಣುಕುಗಳನ್ನು ನಮ್ಮ ತಾಲೀಮಿನ ಮನೆಯಲ್ಲಿ ಫೋನಿನಲ್ಲಿ ತೋರಿಸಿದೆ. ಒಬ್ಬ ಹುಡುಗ ಮೂಗು ಮುರಿದು, ಇದೇನಣ್ಣ ಭೀಷ್ಮ ಇಷ್ಟು ಕಪ್ಪು ಅಂದ. ಇಂಥ ಮಾತು ನಿಮ್ಮ ಓದುಗರಲ್ಲೂ ಬರಬಹುದು ಅಂತಲೇ ಬರೀತಿದ್ದೀನಿ. ಅಲ್ಲಪ್ಪಾ, ಕಥೆ ಬರೆದ ವ್ಯಾಸರು ಕಪ್ಪು, ಕಥೆ ನಡೆಸುವ ಕೃಷ್ಣ ಕಪ್ಪು, ಕಥೆಗೆ ಬೆಂಕಿ ಇಟ್ಟ ದ್ರೌಪದಿ ಕಪ್ಪು. ನಾವು ಅವರಿಗೆಲ್ಲ ಪೌಡರ್ ಬಳಿದು, ಇಲ್ಲಾಂದ್ರೆ ನೀಲಿ ಬಣ್ಣ ಹಚ್ಚಿ ಸ್ಟೇಜಿಗೆ ಬಿಡ್ತೀವಿ. ಈಗ ಕಪ್ಪಿನ ಮಾತು ಎತ್ತೋಕೆ ನಮಗೆ ಯಾವ ಮುಖ ಇದೆ? ನಮ್ಮ ಹಾರ್ಮೋನಿಯಂ ಮೇಷ್ಟ್ರು ಮಾತ್ರ ಇದ್ಯಾವುದಕ್ಕೂ ಬಾಯಿ ಹಾಕಲಿಲ್ಲ. ಅದೇ ತುಣುಕನ್ನು ಇನ್ನೊಂದು ಸಲ ಹಾಕಿಸಿ, ಈಯಪ್ಪನಿಗೆ ಮೈಕು ಬೇಡ ಬಿಡು ಅಂದರು. ಅವರ ಬಾಯಿಂದ ಅದು ದೊಡ್ಡ ಮಾತು.

ಬ್ರೂಕ್ ಬಗ್ಗೆ ನಮ್ಮ ದೇಶದ ವಿಮರ್ಶಕರು ಸುಮ್ಮನಿರಲಿಲ್ಲ, ಅದೂ ಗೊತ್ತು. ರುಸ್ತುಂ ಭರೂಚ ಅವರು ಗಟ್ಟಿಯಾಗಿಯೇ ಬರೆದಿದ್ದಾರೆ. ನಮ್ಮ ಕಥೆಯನ್ನು ಅದರ ಮಣ್ಣಿನಿಂದ ಕಿತ್ತು ಪಶ್ಚಿಮದವರಿಗೆ ಬೇಕಾದ ಹಾಗೆ ಮಾಡಿಕೊಂಡರು ಅನ್ನುವುದು ತಕರಾರು. ಅದರಲ್ಲಿ ಹುರುಳಿದೆ. ಆದರೆ ಆ ಜಗಳ ಬ್ರೂಕ್ ಜೊತೆ, ಫ್ರಾನ್ಸಿನ ಜೊತೆ. ಬಮಾಕೊದಲ್ಲಿ ಹುಟ್ಟಿದ ಗ್ರಿಯೋ ಏನು ಕಿತ್ತುಕೊಂಡು ಹೋದ? ಅವನ ದೇಶವನ್ನೇ ಬೇರೆಯವರು ಆಳುತ್ತಿದ್ದರು. ಅವನು ತನ್ನ ಮನೆಯ ವಿದ್ಯೆ ತಂದು ನಮ್ಮ ಭೀಷ್ಮನಿಗೆ ಕೊಟ್ಟ, ಅಷ್ಟೇ.

ಬ್ರೂಕ್ ಜೊತೆ ಅವರ ಸಂಬಂಧ ಅಲ್ಲಿಗೆ ಮುಗಿಯಲಿಲ್ಲ. 1990ರಲ್ಲಿ ಷೇಕ್ಸ್‌ಪಿಯರನ ಟೆಂಪೆಸ್ಟ್ ಮಾಡಿಸಿದಾಗ ದ್ವೀಪದ ಒಡೆಯ ಪ್ರಾಸ್ಪೆರೋನ ಪಾತ್ರ ಸೋತಿಗಿಗೆ. ಅವನ ಗುಲಾಮ ಕ್ಯಾಲಿಬನ್ ಆಗಿದ್ದು ಒಬ್ಬ ಯುರೋಪಿನ ಬಿಳಿ ನಟ. ಇದನ್ನು ವಿವರಿಸಬೇಕಾಗಿಲ್ಲ ಅಂದುಕೊಳ್ತೀನಿ.

ಆದರೆ ನೀವು ಒಂದೇ ಸಿನಿಮಾ ನೋಡುವುದಾದರೆ ಬ್ರೂಕ್ ಅವರದ್ದೂ ಬೇಡ, 1995ರ ಕೇಟಾ ನೋಡಿ. ನಿರ್ದೇಶಕ ಸೋತಿಗಿಯ ಮಗನೇ, ದಾನಿ ಕುಯಾತೆ. ಕಥೆ ಸರಳ. ಬುರ್ಕಿನಾ ಫಾಸೊದ ರಾಜಧಾನಿ ಊಗಡೂಗುವಿನಲ್ಲಿ ಮಾಬೊ ಕೇಟಾ ಅಂತ ಒಬ್ಬ ಸ್ಕೂಲ್ ಹುಡುಗ. ಅಪ್ಪ ಅಮ್ಮ ಓದಿದವರು, ಪಟ್ಟಣದವರು. ಒಂದು ದಿನ ಹಳ್ಳಿಯಿಂದ ಒಬ್ಬ ಮುದುಕ ಬಂದು ಅಂಗಳದಲ್ಲಿ ಠಿಕಾಣಿ ಹೂಡ್ತಾನೆ. ಅವನು ಗ್ರಿಯೋ, ಜೆಲಿಬಾ. ಹುಡುಗನಿಗೆ ಅವನ ಹೆಸರಿನ ಹಿಂದಿನ ಕಥೆ ಹೇಳೋಕೆ ಬಂದಿದ್ದೀನಿ ಅಂತಾನೆ. ಆ ಕಥೆಯೇ ಸುಂಡಿಯಾಟನದ್ದು, ಚಿಕ್ಕಂದಿನಲ್ಲಿ ಎದ್ದು ನಡೆಯಲೂ ಆಗದಿದ್ದ ಹುಡುಗ ರಾಜ ಆಗುವ ಕಥೆ. ದಿನಾ ಸ್ವಲ್ಪ ಸ್ವಲ್ಪ ಹೇಳ್ತಾನೆ. ಮಾಬೊ ಎಷ್ಟು ಮುಳುಗಿ ಹೋಗ್ತಾನೆ ಅಂದ್ರೆ ಸ್ಕೂಲಿಗೆ ಚಕ್ಕರ್ ಹೊಡೆದು, ಮರ ಹತ್ತಿ ಕೂತು, ಗೆಳೆಯರಿಗೆಲ್ಲ ಕಥೆ ಹೇಳೋಕೆ ಶುರು ಮಾಡ್ತಾನೆ. ಅಮ್ಮನಿಗೆ ಸಿಟ್ಟು. ಮೇಷ್ಟ್ರಿಗೆ ಸಿಟ್ಟು. ಮೇಷ್ಟ್ರು ಮನೆಗೇ ಬಂದು ಕಥೆ ನಿಲ್ಲಿಸಪ್ಪಾ ಅಂತ ಕೇಳಿದಾಗ, ಮುದುಕ ಅವರನ್ನು ನಿಮ್ಮ ಹೆಸರಿನ ಹಿಂದೆ ಏನಿದೆ ಅಂತ ಕೇಳ್ತಾನೆ. ಪಾಠ ಹೇಳುವ ಮೇಷ್ಟ್ರಿಗೆ ಉತ್ತರ ಗೊತ್ತಿಲ್ಲ.

ಆ ಮುದುಕನೇ ಸೋತಿಗಿ. ತನ್ನ ಮನೆಯ ವೃತ್ತಿಯ ಪಾತ್ರ, ಅದೂ ಮಗನ ನಿರ್ದೇಶನದಲ್ಲಿ. ಎಲ್ಲೂ ಭಾಷಣ ಇಲ್ಲ. ಮೇಷ್ಟ್ರನ್ನು ಖಳನಾಯಕ ಮಾಡಿಲ್ಲ, ಅವರ ಕಷ್ಟವೂ ನಿಜ, ಪರೀಕ್ಷೆ ಹತ್ತಿರ ಇರುತ್ತೆ. ಕೊನೆಗೆ ಕಥೆ ಪೂರ್ತಿ ಆಗುವ ಮುಂಚೆಯೇ ಮುದುಕ ಹೊರಟುಹೋಗ್ತಾನೆ. ಶಿರಾ ಕಡೆ ಜುಂಜಪ್ಪನ ಕಾವ್ಯ ಹಾಡುವ ಕಾಡುಗೊಲ್ಲರ ಹಿರಿಯರಿದ್ದಾರೆ, ಉದ್ದನೆಯ ಗಣೆ ಊದುವವರಿದ್ದಾರೆ. ಅವರ ಮೊಮ್ಮಕ್ಕಳು ಸ್ಕೂಲ್ ವ್ಯಾನ್ ಹತ್ತಿ ಇಂಗ್ಲಿಷ್ ಮೀಡಿಯಂಗೆ ಹೋಗ್ತಾರೆ, ಹೋಗಲೂ ಬೇಕು. ಈ ಸಿನಿಮಾ ಆ ಮನೆಗಳಲ್ಲಿ ನಡೆಯುತ್ತಿರುವುದನ್ನೇ ಇನ್ಯಾವುದೋ ಭಾಷೆಯಲ್ಲಿ ಹೇಳುತ್ತೆ. ಅದಕ್ಕೇ ನಮ್ಮ ಜಿಲ್ಲೆಯವರು ನೋಡಬೇಕು ಅನ್ನುವುದು.

ಇನ್ನು ಉಳಿದ ಸಿನಿಮಾಗಳು. 1999ರ ಲಾ ಜೆನೆಸ್ ಅಂತ ಮಾಲಿಯ ಸಿನಿಮಾದಲ್ಲಿ ಬೈಬಲ್ಲಿನ ಯಾಕೋಬ ಆದರು. ಅವರ ಎದುರು ಏಸಾವನಾಗಿ ಹಾಡುಗಾರ ಸಾಲಿಫ್ ಕೇಟಾ. ಕೇಟಾ ಮತ್ತು ಕುಯಾತೆ ಮತ್ತೆ ಎದುರುಬದುರು, ಈ ಸಲ ಅಣ್ಣ ತಮ್ಮಂದಿರಾಗಿ! 2001ರಲ್ಲಿ ಲಿಟಲ್ ಸೆನೆಗಲ್. ಗುಲಾಮರನ್ನು ಹಡಗಿಗೆ ತುಂಬುತ್ತಿದ್ದ ಗೊರೆ ದ್ವೀಪದಲ್ಲಿ ಗೈಡ್ ಆಗಿರುವ ಮುದುಕ, ತನ್ನ ಮನೆತನದಿಂದ ಎಳೆದೊಯ್ದವರ ಪೀಳಿಗೆ ಹುಡುಕಿಕೊಂಡು ಅಮೆರಿಕಕ್ಕೆ ಹೋಗ್ತಾನೆ. ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ ಪೇಪರ್ ಅಂಗಡಿ ಇಟ್ಟುಕೊಂಡ ಹೆಂಗಸೊಬ್ಬಳು ಸಿಗ್ತಾಳೆ. ಸಂಬಂಧದವಳೇ, ಆದರೆ ಅವಳಿಗೆ ಆಫ್ರಿಕಾದವರು ಅಂದರೆ ಅಷ್ಟಕ್ಕಷ್ಟೇ. ಇವನು ನಾನು ನಿನ್ನ ನೆಂಟ ಅಂತ ಬಾಯಿ ಬಿಡದೆ ಅಂಗಡಿ ಕಾಯುವ ಕೆಲಸಕ್ಕೆ ಸೇರಿಕೊಳ್ತಾನೆ. ನಿರ್ದೇಶಕ ರಶೀದ್ ಬುಶಾರೆಬ್, ಅಲ್ಜೀರಿಯಾ ಮೂಲದ ಫ್ರೆಂಚರು.

ಅದೇ ಬುಶಾರೆಬ್ ಅವರ 2009ರ ಲಂಡನ್ ರಿವರ್ ಬಗ್ಗೆ ಸ್ವಲ್ಪ ಜಾಸ್ತಿ ಹೇಳಬೇಕು, ಕಥೆ ಬಿಟ್ಟುಕೊಡ್ತಿದ್ದೀನಿ, ಬೇಡ ಅನ್ನುವವರು ಮುಂದಿನ ಪ್ಯಾರಾಕ್ಕೆ ಹೋಗಿ. 2005ರ ಜುಲೈ 7ರಂದು ಲಂಡನ್ನಿನ ರೈಲುಗಳಲ್ಲಿ, ಒಂದು ಬಸ್ಸಿನಲ್ಲಿ ಬಾಂಬ್ ಸಿಡಿದು 52 ಜನ ಸತ್ತರಲ್ಲ, ಅದಾದ ಮೇಲೆ ಒಬ್ಬ ಬಿಳಿ ಹೆಂಗಸು ಮಗಳನ್ನು ಹುಡುಕಿಕೊಂಡು ಬರ್ತಾಳೆ. ಫ್ರಾನ್ಸಿನ ಕಾಡಿನಲ್ಲಿ ಮರ ನೋಡಿಕೊಳ್ಳುವ ಕೆಲಸದ ಆಫ್ರಿಕನ್ ಮುಸ್ಲಿಂ ಮುದುಕ ಮಗನನ್ನು ಹುಡುಕಿಕೊಂಡು ಬರ್ತಾನೆ. ಮಗ ಚಿಕ್ಕವನಿದ್ದಾಗಲೇ ಬಿಟ್ಟುಬಂದದ್ದು, ಈಗ ಎದುರು ಬಂದರೂ ಗುರುತು ಸಿಗಲ್ಲ. ಮುದುಕನ ಕೈಯಲ್ಲಿ ಕೋಲು, ತಲೆಯಲ್ಲಿ ಉದ್ದ ಜಡೆ. ಆ ಹೆಂಗಸಿಗೆ ಅವನನ್ನು ಕಂಡರೇ ಭಯ. ಮಸೀದಿಯ ಅರಬ್ಬಿ ತರಗತಿಯಲ್ಲಿ ತೆಗೆದ ಫೋಟೊದಲ್ಲಿ ಅವಳ ಮಗಳೂ ಇವನ ಮಗನೂ ಒಟ್ಟಿಗೆ ಇದ್ದಾರೆ. ಮಕ್ಕಳು ಆವತ್ತು ಊರಲ್ಲೇ ಇರಲಿಲ್ಲ, ಟಿಕೆಟ್ ಮಾಡಿಸಿ ಟ್ರಿಪ್ ಹೋಗಿದ್ದಾರೆ ಅಂತ ಗೊತ್ತಾಗಿ ಇಬ್ಬರೂ ಹಿಗ್ಗಿಬಿಡ್ತಾರೆ. ಆಮೇಲೆ ಪೊಲೀಸರು ಬರ್ತಾರೆ. ಮಕ್ಕಳು ಆ ಬಸ್ಸಿನಲ್ಲೇ ಇದ್ದರು. ಬೇರೆ ನಟರಾಗಿದ್ದರೆ ಇಲ್ಲಿ ಎದೆ ಬಡಿದುಕೊಳ್ಳುತ್ತಿದ್ದರು. ಸೋತಿಗಿ ಏನೂ ಮಾಡುವುದಿಲ್ಲ ಅನ್ನುವಷ್ಟು ಕಮ್ಮಿ ಮಾಡ್ತಾರೆ. ಅಂಬೆಯ ಮುಂದೆ ನಿಂತಿದ್ದ ಅದೇ ಭೀಷ್ಮ.

ಆ ಪಾತ್ರಕ್ಕೆ ಬರ್ಲಿನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಅಂತ ಬೆಳ್ಳಿ ಕರಡಿ ಪ್ರಶಸ್ತಿ ಬಂತು. ಆಗ ಅವರಿಗೆ 72 ವರ್ಷ. ಮೂವತ್ತಕ್ಕೆ ಸ್ಟೇಜು, ಐವತ್ತರ ಹತ್ತಿರ ಭೀಷ್ಮ, ಎಪ್ಪತ್ತೆರಡಕ್ಕೆ ಬರ್ಲಿನ್. ಮುಂದಿನ ವರ್ಷ, 2010ರ ಏಪ್ರಿಲ್ 17ರಂದು, ಪ್ಯಾರಿಸ್ಸಿನಲ್ಲಿ ತೀರಿಕೊಂಡರು. ನಮ್ಮ ಪತ್ರಿಕೆಗಳಲ್ಲಿ ಆವತ್ತು ಎರಡು ಸಾಲಾದರೂ ಬಂದಿದ್ದು ನನ್ನ ಕಣ್ಣಿಗಂತೂ ಬೀಳಲಿಲ್ಲ. ಹಾಲಿವುಡ್ಡಿನ ಮೂರನೇ ದರ್ಜೆಯ ನಟನ ಡೈವೋರ್ಸಿಗೆ ಕಾಲಂಗಟ್ಟಲೆ ಜಾಗ ಸಿಗುತ್ತೆ, ಭೀಷ್ಮನ ಪಾತ್ರಧಾರಿಗೆ ಸಿಗಲ್ಲ ಅಂದರೆ ಹೇಗೆ ಸ್ವಾಮಿ?

ಹಾಗಾಗಿ ನನ್ನ ಬೇಡಿಕೆ. ಪಟ್ಟಿಗೆ ಒಂದು ತಿದ್ದುಪಡಿ ಹಾಕಿ ಕೈತೊಳೆದುಕೊಳ್ಳಬೇಡಿ, ಅರ್ಧ ಪುಟದ ಲೇಖನ ಬರೆಸಿ. ಬರೆಸುವಾಗ ಆಫ್ರಿಕಾದ ನಟ ಅಂತ ಒಂದೇ ಮಾತಲ್ಲಿ ಮುಗಿಸಬೇಡಿ. ಆಫ್ರಿಕಾ ಒಂದು ಊರಲ್ಲ. ಮಾಲಿ ಯಾವುದು, ಬುರ್ಕಿನಾ ಫಾಸೊ ಯಾವುದು, 1969ರಿಂದ ಊಗಡೂಗುವಿನಲ್ಲಿ ನಡೆಯುತ್ತಿರುವ ಫೆಸ್ಪಾಕೊ ಸಿನಿಮೋತ್ಸವ ಎಂಥದ್ದು, ಅದನ್ನೂ ಹೇಳಿ. ನಮ್ಮ ಓದುಗರಿಗೆ ಅಷ್ಟೂ ಅರ್ಥ ಆಗಲ್ಲ ಅಂದುಕೊಳ್ಳಬೇಡಿ. ಆನೆ ಕುದುರೆಗಳನ್ನೇ ಸ್ಟೇಜಿಗೆ ತಂದು ಕುರುಕ್ಷೇತ್ರ ಆಡಿದ ಗುಬ್ಬಿ ಕಂಪನಿಯ ಜಿಲ್ಲೆ ಇದು, ನಾಟಕ ಅಂದರೆ ಏನು ಅಂತ ನಮ್ಮವರಿಗೆ ಯಾರೂ ಹೊಸದಾಗಿ ಹೇಳಿಕೊಡಬೇಕಾಗಿಲ್ಲ.

ಇನ್ನೊಂದು, ತುಮಕೂರಿನ ಗುಬ್ಬಿ ವೀರಣ್ಣ ಕಲಾಕ್ಷೇತ್ರದಲ್ಲಿ ಒಂದು ಸಂಜೆ ಕೇಟಾ ಸಿನಿಮಾ ತೋರಿಸೋಕೆ ನಿಮ್ಮ ಪತ್ರಿಕೆ ಮುಂದಾಗಲಿ. ಒಂದೂವರೆ ಗಂಟೆ ಚಿಲ್ಲರೆ ಸಿನಿಮಾ, ಕೊನೇ ಬಸ್ಸಿಗೂ ತೊಂದರೆ ಇಲ್ಲ. ಶಿವರಾತ್ರಿಗೆ ಮುಂಚೆ ಇಟ್ಟುಕೊಳ್ಳಿ, ಆಮೇಲೆ ನಾವೆಲ್ಲ ತಾಲೀಮಿನಲ್ಲಿ ಸಿಕ್ಕಿಹಾಕಿಕೊಳ್ತೀವಿ. ಕನ್ನಡ ಸಬ್‌ಟೈಟಲ್ ಸಿಗಲಿಲ್ಲ ಅಂದರೆ ಚಿಂತೆ ಬೇಡ, ಮೊದಲೇ ನೋಡಿಕೊಂಡು ಪಕ್ಕದಲ್ಲಿ ನಿಂತು ಮೈಕಿನಲ್ಲಿ ಕನ್ನಡದಲ್ಲಿ ಹೇಳೋಕೆ ನಮ್ಮ ಹಾರ್ಮೋನಿಯಂ ಮೇಷ್ಟ್ರು ಒಪ್ಪಿದ್ದಾರೆ. ಸುತ್ತಲಿನ ನಾಟಕ ಮಂಡಳಿಯವರನ್ನು, ಶಿರಾ ಕಡೆಯ ಗಣೆ ಊದುವವರನ್ನು ಕರ್ಕೊಂಡು ಬರುವ ಜವಾಬ್ದಾರಿ ನನ್ನದು. ಹಾಲ್ ಬಾಡಿಗೆ ಎಷ್ಟಾಗುತ್ತೆ ಅಂತ ತಿಳಿಸಿ, ಅರ್ಧ ನಾವು ಹಾಕ್ತೀವಿ.

ಇಂತಿ,
ವಿದುರನ ಪಾರ್ಟಿನ ಓದುಗ
ಗುಬ್ಬಿ ತಾಲ್ಲೂಕು, ತುಮಕೂರು ಜಿಲ್ಲೆ